ಮಗನಿಗೆ ಸೈನ್ಯದ ಪತ್ರ ಬಂತು, ನಾನಿನ್ನೂ ನೀಲಿ ಕಾರ್ಡ್‌ನಲ್ಲೇ ಇದ್ದೇನೆ. ಸಿಂಗಾಪುರದವರು ಸ್ವಲ್ಪ ಹೇಳಿ

ಕೊಬ್ಬರಿ_ತಿಪಟೂರು

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಇದೆ, ಬೇಜಾರು ಮಾಡ್ಕೋಬೇಡಿ.

ನಾನು ಸಿಂಗಾಪುರಕ್ಕೆ ಬಂದು ಹತ್ತೊಂಬತ್ತು ವರ್ಷ ಆಯ್ತು. ಊರು ತಿಪಟೂರು ಹತ್ತಿರ ಒಂದು ಹಳ್ಳಿ. ನಾನು, ಹೆಂಡತಿ, ಮಗ ಮೂವರೂ ಪಿಆರ್, ಅಂದ್ರೆ ಇಲ್ಲಿನ ಕಾಯಂ ನಿವಾಸಿಗಳು. ಮಗ ಹುಟ್ಟಿದ್ದು ಇಲ್ಲೇ, ಆದರೆ ಇಲ್ಲಿ ಹುಟ್ಟಿದ ಮಾತ್ರಕ್ಕೆ ಪೌರತ್ವ ಸಿಗಲ್ಲ, ಅಪ್ಪ ಅಮ್ಮನಲ್ಲಿ ಒಬ್ಬರಾದರೂ ಇಲ್ಲಿನ ಪ್ರಜೆ ಆಗಿರಬೇಕು. ಹಾಗಾಗಿ ಅವನ ಹತ್ತಿರ ಇರೋದು ಭಾರತದ ಪಾಸ್‌ಪೋರ್ಟ್ ಮತ್ತು ನೀಲಿ ಕಾರ್ಡ್. (ಗೊತ್ತಿಲ್ಲದವರಿಗೆ: ಇಲ್ಲಿ ಪ್ರಜೆಗಳ ಗುರುತಿನ ಕಾರ್ಡ್ ಗುಲಾಬಿ ಬಣ್ಣದ್ದು, ಪಿಆರ್‌ಗಳದ್ದು ನೀಲಿ.)

ಹೋದ ತಿಂಗಳು ನ್ಯಾಷನಲ್ ಸರ್ವಿಸ್‌ಗೆ ಹೆಸರು ನೋಂದಾಯಿಸಿ ಅಂತ ಪತ್ರ ಬಂತು. ಹದಿನಾರೂವರೆ ವರ್ಷಕ್ಕೆ ನೋಂದಣಿ, ಹದಿನೆಂಟು ತುಂಬಿದ ಮೇಲೆ ಎರಡು ವರ್ಷ ಸೈನ್ಯದಲ್ಲಿ ಇರಬೇಕು. ನನ್ನ ಹಾಗೆ ಕೆಲಸದ ಮೇಲೆ ಬಂದು ಪಿಆರ್ ತಗೊಂಡವರಿಗೆ ಇದು ಇಲ್ಲ, ನಮ್ಮ ಗಂಡುಮಕ್ಕಳಿಗೆ ಇದೆ. ಅರ್ಜಿ ಹಾಕುವಾಗಲೇ ಗೊತ್ತಿತ್ತು, ಯಾರೂ ಮೋಸ ಮಾಡಿಲ್ಲ. ಆದರೆ ಆಗ ಅವನಿಗೆ ಮೂರು ವರ್ಷ. ಹದಿನೆಂಟು ಅನ್ನೋದು ಯಾವುದೋ ಕಾಲದ ಮಾತು ಅನ್ನಿಸಿತ್ತು.

ಪತ್ರ ನೋಡಿ ಅವನು "ಓಕೆ" ಅಂದ. ಫ್ರಿಜ್ ತೆಗೆದು ನೀರು ಕುಡಿದ, ರೂಮಿಗೆ ಹೋದ. ನಾನೇ ಒಂದು ವಾರ ಸರಿಯಾಗಿ ನಿದ್ದೆ ಮಾಡಲಿಲ್ಲ. ಆಮೇಲೆ ಒಂದು ರಾತ್ರಿ ಊಟ ಮಾಡುವಾಗ ಅವನೇ ಕೇಳಿದ: "ಅಪ್ಪಾ, ನಾನು ಯಾವ ದೇಶಕ್ಕೆ ಬಂದೂಕು ಹಿಡಿಯಬೇಕೋ ಆ ದೇಶದ ಪಾಸ್‌ಪೋರ್ಟೇ ನನ್ನ ಹತ್ರ ಇಲ್ಲ. ನಾವ್ಯಾಕೆ ಇನ್ನೂ ಸಿಟಿಜನ್ ಆಗಿಲ್ಲ?" ಕೇಳಿದ್ದು ಇಂಗ್ಲಿಷಲ್ಲಿ. ನಾನು ಅನ್ನಕ್ಕೆ ಇನ್ನೊಂದು ಸೌಟು ಸಾರು ಹಾಕಿಕೊಂಡು ಸುಮ್ನಾದೆ.

ಯಾಕೆ ಆಗಿಲ್ಲ ಅಂದ್ರೆ, ಎರಡೂ ಇಟ್ಟುಕೊಳ್ಳೋಕೆ ಎರಡು ದೇಶವೂ ಬಿಡಲ್ಲ. ಭಾರತದ್ದನ್ನು ಬಿಟ್ಟೆ ಅಂತ ಕೈ ಎತ್ತಿ ಹೇಳಬೇಕು. ನಮ್ಮಪ್ಪ ಹಳ್ಳಿ ಶಾಲೆಯ ಮೇಷ್ಟ್ರಾಗಿದ್ದರು. ಪ್ರತಿ ಆಗಸ್ಟ್ 15ಕ್ಕೆ ಹಿಂದಿನ ರಾತ್ರಿಯೇ ಬಾವುಟದೊಳಗೆ ಹೂವು ಕಟ್ಟಿ, ಗಂಟು ಸಡಿಲ ಇದೆಯಾ ಅಂತ ನಾಲ್ಕು ಸಲ ಎಳೆದು ನೋಡೋರು. ಅವರಿಲ್ಲ ಈಗ. ಆದರೂ ಆ ಸಾಲು ನನ್ನ ಬಾಯಲ್ಲಿ ಬರುತ್ತಾ ಅನ್ನೋದೇ ನನ್ನ ಸಮಸ್ಯೆ.

ಇನ್ನೊಂದು ವಿಷಯ. ಇಲ್ಲಿ ಯಾವ ಫಾರ್ಮ್ ತಗೊಂಡರೂ ಜನಾಂಗ ಅಂತ ಒಂದು ಕಾಲಂ ಇರುತ್ತೆ. ಚೀನೀ, ಮಲಯ, ಇಂಡಿಯನ್, ಇತರೆ. ನಾವು ಇಂಡಿಯನ್. ಶಾಲೆಯಲ್ಲಿ ಮಾತೃಭಾಷೆ ಕಡ್ಡಾಯ, ಇಂಡಿಯನ್ ಅಂದ್ರೆ ತಮಿಳು, ಅದು ಬೇಡ ಅಂದ್ರೆ ಹಿಂದಿ, ಬಂಗಾಳಿ, ಗುಜರಾತಿ, ಪಂಜಾಬಿ, ಉರ್ದು. ಕನ್ನಡ ಇಲ್ಲ. ಹಾಗಾಗಿ ನನ್ನ ಮಗನ ರಿಪೋರ್ಟ್ ಕಾರ್ಡ್‌ನಲ್ಲಿ ಹತ್ತು ವರ್ಷದಿಂದ ಮಾತೃಭಾಷೆ ಹಿಂದಿ. ನಮ್ಮ ಮನೇಲಿ ಒಬ್ಬರಿಗೂ ನೆಟ್ಟಗೆ ಹಿಂದಿ ಬರಲ್ಲ! ಅವನ ಅಮ್ಮ ಯೂಟ್ಯೂಬ್ ನೋಡಿ ಕಲಿತು ಅವನಿಗೆ 'ಮಾತೃಭಾಷೆ' ಹೇಳಿಕೊಟ್ಟಳು. ಊರಿಗೆ ಹೋದರೆ ಜಾತ್ರೇಲಿ ಅವನು "ಸಿಂಗಾಪುರದ ಹುಡುಗ". ಇಲ್ಲಿ ಬಸ್‌ಸ್ಟಾಪ್‌ನಲ್ಲಿ ಅವನು ಇಂಡಿಯಾದವನು.

ಪೌರತ್ವ ತಗೊಂಡವರು ಇದ್ದರೆ ಹೇಳಿ. ದಾಖಲೆ ಯಾವುದು ಬೇಕು ಅನ್ನೋದು ವೆಬ್‌ಸೈಟಲ್ಲಿದೆ, ಅದು ಬೇಡ. ತಗೊಂಡ ಮೇಲೆ ನಿಮಗೆ ಏನನ್ನಿಸಿತು ಅದನ್ನ ಹೇಳಿ.

ಶಾಲ್ಮಲಾ_ಅಕ್ಕ

ನಮಸ್ಕಾರ ಸರ್. ನಾನು ಧಾರವಾಡದವಳು, 2011ರಲ್ಲಿ ಗುಲಾಬಿ ಕಾರ್ಡ್ ತಗೊಂಡೆ. ಕೇಳಿದ್ದಕ್ಕೆ ಹೇಳ್ತೀನಿ.

ಪ್ರಮಾಣದ ದಿನ ನನಗೆ ಏನೂ ಅನ್ನಿಸಲಿಲ್ಲ. ನಿಜವಾಗಲೂ. ಬಲಗೈ ಎತ್ತಿದೆವು, ಓದಿದೆವು, ಫೋಟೊ ತೆಗೆದರು. ಪಕ್ಕದಲ್ಲಿ ಮಲೇಷ್ಯಾದ ಒಬ್ಬ ವಯಸ್ಸಾದ ಚೀನೀ ಅಜ್ಜ ಇದ್ದರು, ಕಾಗದ ಹಿಡಿದ ಕೈ ನಡುಗುತ್ತಿತ್ತು, ಅದು ವಯಸ್ಸಿಗೋ ದುಃಖಕ್ಕೋ ತಿಳಿಯಲಿಲ್ಲ. ಹಳೇ ಪಾಸ್‌ಪೋರ್ಟ್ ರದ್ದು ಅಂತ ಮುದ್ರೆ ಹಾಕಿ ವಾಪಸ್ ಕೊಟ್ಟರು. ಅದು ಈಗಲೂ ಬೀರುವಿನಲ್ಲಿ ಇಳಕಲ್ ಸೀರೆಗಳ ಕೆಳಗಿದೆ. ಆಗಲೂ ಅಳು ಬರಲಿಲ್ಲ.

ಅಳು ಬಂದಿದ್ದು ಒಂದೂವರೆ ವರ್ಷ ಆದಮೇಲೆ, ಬೆಂಗಳೂರು ವಿಮಾನ ನಿಲ್ದಾಣದಲ್ಲಿ, ರಾತ್ರಿ ಒಂದು ಗಂಟೆಗೆ. ಅಭ್ಯಾಸಬಲದಿಂದ ಭಾರತೀಯರ ಸಾಲಿನಲ್ಲಿ ನಿಂತಿದ್ದೆ. ಅಲ್ಲಿದ್ದ ಹುಡುಗ ಪಾಸ್‌ಪೋರ್ಟ್ ಬಣ್ಣ ನೋಡಿ "ಮೇಡಂ, ಫಾರಿನರ್ಸ್ ಆ ಕಡೆ" ಅಂದ. ಕನ್ನಡದಲ್ಲೇ ಹೇಳಿದ ಪಾಪ, ಮರ್ಯಾದೆಯಾಗೇ ಹೇಳಿದ. "ಹೂಂ ಗೊತ್ತಪಾ" ಅಂದು ಆ ಕಡೆ ಹೋಗಿ ನಿಂತೆ, ಕಣ್ಣೀರು ಸುಮ್ನೆ ಇಳಿಯಿತು. ಈಗ ಅಭ್ಯಾಸ ಆಗಿದೆ.

ಹಳ್ಳಿಯಲ್ಲಿ ತೋಟ ಇದೆಯಾ ನಿಮಗೆ? ಭಾರತ ಮೂಲದ ವಿದೇಶಿ ಪ್ರಜೆಗಳಿಗೆ ಕೊಡೋ ಒಸಿಐ ಕಾರ್ಡ್ ಸಿಗುತ್ತೆ, ವೀಸಾ ಇಲ್ಲದೆ ಓಡಾಡಬಹುದು, ಸೈಟು ಮನೆ ತಗೋಬಹುದು. ಕೃಷಿ ಜಮೀನು ಕೊಳ್ಳೋ ಹಾಗಿಲ್ಲ. ಅಪ್ಪನಿಂದ ಬಂದದ್ದು ಇರುತ್ತೆ, ಅದರಲ್ಲಿ ತೊಂದರೆ ಇಲ್ಲ, ಆದರೆ ಪಕ್ಕದ ಎರಡೆಕರೆ ಮಾರಾಟಕ್ಕೆ ಬಂದರೆ ನೋಡ್ತಾ ಕೂರಬೇಕು ಅಷ್ಟೇ. ಮತ ಹಾಕೋ ಹಾಗೂ ಇಲ್ಲ. ನಮ್ಮ ಅಣ್ಣನ ಜೊತೆ ಚುನಾವಣೆ ವಿಷಯಕ್ಕೆ ಜಗಳ ಆದಾಗಲೆಲ್ಲ ಅವನು "ನಿಂದೇನವ್ವಾ, ನಿನಗ ಓಟಿಲ್ಲ" ಅಂತಾನೆ. ಅಲ್ಲಿಗೆ ಜಗಳ ಮುಗೀತು.

ಕಾಲಂ ವಿಷಯ. ಅದರ ಎರಡೂ ಮುಖ ನೋಡಿದ್ದೀನಿ. ಸರ್ಕಾರಿ ಫ್ಲಾಟ್‌ಗಳಲ್ಲಿ ಒಂದೊಂದು ಜನಾಂಗಕ್ಕೂ ಮಿತಿ ಇದೆ, 1989ರಿಂದ. ಒಂದು ಬ್ಲಾಕ್‌ನಲ್ಲಿ ಚೀನೀಯರು ಶೇ. 87 ದಾಟೋ ಹಾಗಿಲ್ಲ. ನಾವು ಹಳೇ ಮನೆ ಮಾರಲು ಹೊರಟಾಗ ನಮ್ಮ ಬ್ಲಾಕ್‌ನಲ್ಲಿ ಆ ಮಿತಿ ತುಂಬಿತ್ತು. ಅಂದ್ರೆ ನಾವು ಚೀನೀಯರಿಗೆ ಮಾರೋ ಹಾಗೇ ಇಲ್ಲ! ಊರಲ್ಲಿ ನಾಲ್ಕರಲ್ಲಿ ಮೂರು ಜನ ಅವರೇ. ಒಂದು ಜೋಡಿ ಬಂದು ಮನೆ ಮೆಚ್ಚಿ, ಅಡುಗೆಮನೆಯಲ್ಲಿ ನಿಂತು ಫ್ರಿಜ್ ಎಲ್ಲಿಡೋದು ಅಂತ ಮಾತಾಡಿದ್ದರು. ಏಜೆಂಟ್ ಮಿತಿಯ ಲೆಕ್ಕ ನೋಡಿ ತಲೆ ಅಲ್ಲಾಡಿಸಿದ. ಎಂಟು ತಿಂಗಳು ಕಾದು ಕಡಿಮೆ ದುಡ್ಡಿಗೆ ಕೊಟ್ಟೆವು. ಆಗ ಹೊಟ್ಟೆ ಉರಿದಿತ್ತು.

ಆದರೆ ಅದೇ ನಿಯಮ ಇರೋದಕ್ಕೆ ನಮ್ಮ ಎಡಕ್ಕೆ ಮಲಯ ಮನೆ, ಎದುರಿಗೆ ಚೀನೀ ಮನೆ. ಬ್ಲಾಕ್ ಕೆಳಗಿನ ಖಾಲಿ ಜಾಗದಲ್ಲಿ ಒಂದು ಭಾನುವಾರ ಮಲಯ ಮದುವೆ, ಬಿರಿಯಾನಿ ವಾಸನೆ ಹತ್ತನೇ ಮಹಡಿವರೆಗೂ ಬರುತ್ತೆ. ಮುಂದಿನ ವಾರ ಅದೇ ಜಾಗದಲ್ಲಿ ಚೀನೀ ಅಜ್ಜಿಯ ಶವಪೆಟ್ಟಿಗೆ ಇಟ್ಟು ಐದು ದಿನ ಪ್ರಾರ್ಥನೆ. ಲಿಫ್ಟಿಗೆ ಹೋಗೋಕೆ ಅದರ ಪಕ್ಕದಲ್ಲೇ ದಾಟಬೇಕು. ಮೊದಲ ಸಲ ನಾನು ಮನೆಗೆ ಹೋಗಿ ತಲೆಗೆ ಸ್ನಾನ ಮಾಡಿದ್ದೆ, ನಗಬೇಡಿ. ಈಗ ನಿಂತು ಒಂದು ನಿಮಿಷ ಕೈ ಮುಗಿದು ಹೋಗ್ತೀನಿ, ಅವರಿಗೂ ಖುಷಿ ಆಗುತ್ತೆ. ಇದನ್ನ ಒಂದು ನಿಯಮ ಮಾಡಿಸಿತಾ, ನಾನೇ ಮಾಡಿದೆನಾ, ಅದು ಬೇರೆ ಚರ್ಚೆ.

ವಾಪಸ್_ಮೈಸೂರು

ನಾನು 2016ರಲ್ಲಿ ವಾಪಸ್ ಬಂದವನು, ಹಾಗಾಗಿ ನನ್ನ ಮಾತು ಕಹಿ ಇದ್ದರೆ ಅದೇ ಕಾರಣ ಅಂದ್ಕೊಳ್ಳಿ.

ಸಿಂಗಾಪುರದಲ್ಲಿ ಬೆಳಗ್ಗೆ ಶಾಲೆಯಲ್ಲಿ ಮಕ್ಕಳು ಬಲಮುಷ್ಟಿ ಎದೆ ಮೇಲಿಟ್ಟು ಪ್ರತಿಜ್ಞೆ ಹೇಳ್ತಾರೆ. ಜನಾಂಗ, ಭಾಷೆ, ಧರ್ಮ ಯಾವುದನ್ನೂ ನೋಡದೆ ನಾವೆಲ್ಲ ಒಂದು ಅಂತ. 1966ರಲ್ಲಿ ಆಗಿನ ವಿದೇಶಾಂಗ ಸಚಿವ ಎಸ್. ರಾಜರತ್ನಂ ಬರೆದಿದ್ದು, ಒಳ್ಳೇ ಮಾತೇ. ಮಧ್ಯಾಹ್ನ ಅದೇ ಮಕ್ಕಳು ಜನಾಂಗದ ಪ್ರಕಾರ ಬೇರೆ ಬೇರೆ ಮಾತೃಭಾಷೆ ಕ್ಲಾಸಿಗೆ ಹೋಗ್ತಾರೆ. ಜನಾಂಗ ಕಾರ್ಡ್ ಮೇಲೇ ಅಚ್ಚಾಗಿರುತ್ತೆ. ನೋಡದೆ ಹೇಗಪ್ಪಾ ಇರೋದು, ಅಚ್ಚು ಹಾಕಿಟ್ಟು?

ಅದೂ ಸಹಿಸಬಹುದು. ಸೀಕಾ ಅನ್ನೋ ಪದ ನಿಮಗೆ ಗೊತ್ತಲ್ವಾ? ಅದು 2005ರಲ್ಲಿ ಭಾರತ ಮತ್ತು ಸಿಂಗಾಪುರ ಮಾಡಿಕೊಂಡ ವ್ಯಾಪಾರ ಒಪ್ಪಂದದ ಹೆಸರು. ಈಗ ನಮ್ಮಂಥವರಿಗೆ ಅದೇ ಬೈಗುಳ. ಒಪ್ಪಂದದ ಹೆಸರಲ್ಲಿ ಬೈಸಿಕೊಳ್ಳೋ ಭಾಗ್ಯ ಬೇರೆ ಯಾರಿಗೂ ಬಂದಿಲ್ಲ ಅನ್ನಿಸುತ್ತೆ. ಬೈಯೋರಲ್ಲಿ ಮೂರು ತಲೆಮಾರಿಂದ ಅಲ್ಲಿರೋ ತಮಿಳರೂ ಇದ್ದಾರೆ. ಅವರ ಸಂಕಟ ನನಗೆ ಅರ್ಥ ಆಗುತ್ತೆ. ಅವರ ಮುತ್ತಾತ ಬಂದರಿನಲ್ಲಿ ಮೂಟೆ ಹೊತ್ತು ಕಟ್ಟಿದ ಊರು ಅದು, ನಾವು ಐಟಿ ಕೆಲಸಕ್ಕೆ ಇಳಿದು ಕಾಂಡೋದಲ್ಲಿ (ಖಾಸಗಿ ಅಪಾರ್ಟ್‌ಮೆಂಟ್) ಮನೆ ಮಾಡಿದರೆ, ಚೀನೀ ಕಣ್ಣಿಗೆ ಅವರೂ ನಾವೂ ಒಂದೇ ಕಾಲಂ. ನಮ್ಮ ಮೇಲಿನ ಸಿಟ್ಟು ಅವರ ಮೇಲೂ ಬೀಳುತ್ತೆ.

ಆದರೆ ಒಂದು ಎಚ್ಚರಿಕೆ. ಈಗ ಹದಿನೇಳಕ್ಕೆ ಬಂದು ಪಿಆರ್ ಬಿಟ್ಟು ಮಗನನ್ನ ಊರಿಗೆ ಕಳಿಸೋ ಯೋಚನೆ ಇದ್ದರೆ ಬೇಡ. ಸೇವೆ ಮಾಡದೆ ಪಿಆರ್ ಬಿಟ್ಟರೆ ಮುಂದೆ ಅವನು ಅಲ್ಲಿ ಓದೋಕೆ, ಕೆಲಸ ಮಾಡೋಕೆ ಅರ್ಜಿ ಹಾಕಿದಾಗ ಅದು ಅಡ್ಡ ಬರುತ್ತೆ. ಅವನು ಹುಟ್ಟಿದ ಊರಿನ ಬಾಗಿಲನ್ನ ನೀವು ಮುಚ್ಚಿದ ಹಾಗೆ.

ನಾವು ಬಂದಾಗ ನಮ್ಮ ಮಗನಿಗೆ ಎಂಟು. ಇಲ್ಲಿ ಬಂದರೆ ಎಲ್ಲ ಸರಿಹೋಗುತ್ತೆ ಅಂದ್ಕೊಂಡಿದ್ದೆ. ಮೈಸೂರಿನ ಶಾಲೆಯಲ್ಲಿ ಎರಡು ವರ್ಷ ಅವನ ಹೆಸರೇ "ಸಿಂಗಾಪುರ". ಕನ್ನಡ ಕಡ್ಡಾಯ ವಿಷಯ, ಇವನಿಗೆ ಒತ್ತಕ್ಷರ ಬಾರದು. ಪಕ್ಕದ ಬೀದಿಯ ಟ್ಯೂಷನ್ ಮೇಡಂ ಹತ್ತಿರ ಸಂಜೆ ಕೂತು "ಉಷ್ಟ್ರ" ಬರೆಯೋಕೆ ಅತ್ತಿದ್ದು ಇನ್ನೂ ನೆನಪಿದೆ. ನನಗೆ ಮಾತೃಭಾಷೆ, ಅವನಿಗೆ ಮೂರನೇ ಭಾಷೆ. ಹಾಗಾಗಿ ವಾಪಸ್ ಬನ್ನಿ ಅಂತ ನಾನು ಯಾರಿಗೂ ಹೇಳಲ್ಲ.

ಸುಮ್ನೆ_ಓದೋನು

ಇಷ್ಟೊಂದು ಯಾಕೆ ತಲೆ ಕೆಡಿಸ್ಕೋತೀರ ಎಲ್ಲರೂ? ಪಾಸ್‌ಪೋರ್ಟ್ ಒಂದು ಕಾಗದ ಅಷ್ಟೇ. ಮನಸ್ಸಲ್ಲಿ ಕನ್ನಡಿಗರಾಗಿರಿ ಸಾಕು.

ಕೊಬ್ಬರಿ_ತಿಪಟೂರು

@ಸುಮ್ನೆ_ಓದೋನು ಕಾಗದ ಅಷ್ಟೇ ಆಗಿದ್ದರೆ ಎರಡು ಇಟ್ಕೊಳ್ಳೋಕೆ ಬಿಡ್ತಿದ್ರು ಅಲ್ವಾ. ಆ ಕಾಗದ ಹೇಳಿದ ಕಡೆ ನನ್ನ ಮಗ ಎರಡು ವರ್ಷ ಮಣ್ಣಲ್ಲಿ ತೆವಳಬೇಕು. ಇನ್ನು ಮನಸ್ಸಲ್ಲಿ ಕನ್ನಡಿಗನಾಗಿರೋದು ನನಗೆ ಸುಲಭ, ನಾನು ಅಲ್ಲೇ ಬೆಳೆದವನು. ಅವನಿಗೆ ಹೇಗೆ ಹೇಳಲಿ?

@ಶಾಲ್ಮಲಾ_ಅಕ್ಕ ಏರ್‌ಪೋರ್ಟ್ ಕಥೆ ಓದಿ ಹೆಂಡತಿಗೂ ಓದಿ ಹೇಳಿದೆ. ಅವಳು "ನಾನು ಆ ಸಾಲಲ್ಲಿ ನಿಲ್ಲೋಕೆ ತಯಾರು, ಅದು ಬೇಗ ಮುಗಿಯುತ್ತೆ" ಅಂದಳು. ಮೈಸೂರಿನವರೇ, ಪಿಆರ್ ಬಿಡೋ ಯೋಚನೆ ಇಲ್ಲ. ಒಂದು ರಾತ್ರಿ ಬಂದಿತ್ತು, ಸುಳ್ಳು ಹೇಳಲ್ಲ. ಬೆಳಗ್ಗೆ ಹೋಯ್ತು.

ಟೆಕಾಂಗ್_2018

ಅಂಕಲ್, ನನ್ನ ಕನ್ನಡದಲ್ಲಿ ತಪ್ಪಿದ್ರೆ ಕ್ಷಮಿಸಿ. ಮಾತಾಡ್ತೀನಿ ಚೆನ್ನಾಗಿ, ಬರೆಯೋದು ಕಡಿಮೆ, ಇದನ್ನ ಫೋನಿಗೆ ಹೇಳಿ ಬರೆಸಿ ಆಮೇಲೆ ಅಮ್ಮನ ಹತ್ರ ತಿದ್ದಿಸಿದ್ದೀನಿ. ನಾನು ನಿಮ್ಮ ಮಗನ ಜಾಗದಲ್ಲೇ ಇದ್ದವನು. ನೀಲಿ ಕಾರ್ಡ್ ಇಟ್ಕೊಂಡೇ 2018ರಲ್ಲಿ ಸೇರಿದೆ.

ಮೊದಲ ದಿನ ಚಾಂಗಿ ಕಡೆಯಿಂದ ಫೆರಿಯಲ್ಲಿ ಸೈನ್ಯದ ತರಬೇತಿ ನಡೆಯೋ ಟೆಕಾಂಗ್ ದ್ವೀಪಕ್ಕೆ ಕರ್ಕೊಂಡು ಹೋಗ್ತಾರೆ. ಅಪ್ಪ ಅಮ್ಮನೂ ಬರಬಹುದು. ಮಲಗೋ ಕೋಣೆ ತೋರಿಸ್ತಾರೆ, ಅಲ್ಲೇ ಊಟ ಹಾಕ್ತಾರೆ. ನಮ್ಮಮ್ಮ ಮಂಚದ ಹಾಸಿಗೆ ಒತ್ತಿ ನೋಡಿದರು. ಆಮೇಲೆ ಅವರು ಫೆರಿ ಹತ್ತಿ ಹೋಗ್ತಾರೆ, ನೀವು ತಲೆ ಬೋಳಿಸ್ಕೊಳ್ಳೋಕೆ ಸಾಲಲ್ಲಿ ನಿಲ್ತೀರ. ಅಪ್ಪ ತಿರುಗಿ ನೋಡಲಿಲ್ಲ. ನೋಡಿದ್ರೆ ಅಳ್ತಿದ್ದೆ ಅಂತ ಎರಡು ವರ್ಷ ಆದಮೇಲೆ ಹೇಳಿದರು. ನೀವು ತಿರುಗಿ ನೋಡಿ ಅಂಕಲ್.

ನಿಮಗೆ ಗೊತ್ತಾ, ಆವತ್ತು ನಮ್ಮ ಗುರುತಿನ ಕಾರ್ಡ್ ವಾಪಸ್ ತಗೊಂಡುಬಿಟ್ರು. ಅದರ ಬದಲು 11ಬಿ ಅಂತ ಸೈನ್ಯದ ಕಾರ್ಡ್. ಎರಡು ವರ್ಷ ನನ್ನ ಜೇಬಲ್ಲಿ ನೀಲಿಯೂ ಇಲ್ಲ, ಗುಲಾಬಿಯೂ ಇಲ್ಲ. ನಮ್ಮ ಸೆಕ್ಷನ್‌ನಲ್ಲಿ ಯಾರು ಪಿಆರ್ ಅಂತ ನನಗೆ ತುಂಬಾ ದಿನ ಗೊತ್ತೇ ಆಗಲಿಲ್ಲ.

ಡ್ರಿಲ್ ಆಜ್ಞೆ ಎಲ್ಲಾ ಮಲಯ ಭಾಷೆಯಲ್ಲಿ. "ಸೆಡಿಯಾ" ಅಂದ್ರೆ ಸಾವಧಾನ್, "ಸೆನಾಂಗ್ ದಿರಿ" ಅಂದ್ರೆ ವಿಶ್ರಾಮ್. ರಾಷ್ಟ್ರಗೀತೆಯೂ ಮಲಯದಲ್ಲೇ ಅಲ್ವಾ. ಚೀನೀ ಹುಡುಗರಿಗೂ ಮಲಯ ಬರಲ್ಲ, ನನಗೂ ಬರಲ್ಲ, ಎಲ್ಲರೂ ಸಮ. ಮನೇಲಿ ಒಂದು ಭಾಷೆ, ರಿಪೋರ್ಟ್ ಕಾರ್ಡಲ್ಲಿ ಇನ್ನೊಂದು, ಶಾಲೇಲಿ ಇಂಗ್ಲಿಷ್, ಈಗ ಕಾಲು ಎತ್ತೋಕೆ ಮತ್ತೊಂದು. ಇವತ್ತಿಗೂ ಯಾರಾದ್ರೂ ಜೋರಾಗಿ ಸೆಡಿಯಾ ಅಂದ್ರೆ ನನ್ನ ಹಿಮ್ಮಡಿ ತಾನಾಗೇ ಕೂಡುತ್ತೆ.

ಎಲ್ಲಾ ಚೆನ್ನಾಗಿತ್ತು ಅಂತ ಹೇಳಲ್ಲ. ನಮ್ಮ ಪ್ಲಟೂನಲ್ಲಿ ಒಬ್ಬ ತಮಿಳು ಹುಡುಗ ಇದ್ದ, ಅವನ ಮನೆಯವರು ನಾಲ್ಕು ತಲೆಮಾರಿಂದ ಇಲ್ಲೇ. ಮೊದಲ ದಿನ ನನ್ನ ಹತ್ರ ತಮಿಳಲ್ಲಿ ಏನೋ ಕೇಳಿದ. ನಾನು ಬರಲ್ಲ ಅಂದೆ. "ಓ, ನೀನು ಇಂಡಿಯಾ ಇಂಡಿಯನ್ನಾ" ಅಂದ. ಅವನು ಸಿಂಗಾಪುರ್ ಇಂಡಿಯನ್, ನಾನು ಇಂಡಿಯಾ ಇಂಡಿಯನ್. ಚೀನೀ ಹುಡುಗರು ಕೀಟಲೆ ಮಾಡಿದ್ದಕ್ಕಿಂತ ಅದು ನನಗೆ ಜಾಸ್ತಿ ನೋವು ಮಾಡಿತು. ಹುಟ್ಟಿದ್ದು ಇಬ್ಬರೂ ಒಂದೇ ಆಸ್ಪತ್ರೆ, ಬೇಕಾದ್ರೆ ನೋಡಿ!

ಆಮೇಲೆ ಅವನೇನೂ ಕ್ಷಮೆ ಕೇಳಲಿಲ್ಲ. ಫೀಲ್ಡ್ ಕ್ಯಾಂಪಲ್ಲಿ ಮಳೆ ಬಂತು, ನಾವಿಬ್ಬರೂ ತೋಡಿದ ಗುಂಡಿಗೆ ನೀರು ತುಂಬಿತು, ಇಡೀ ರಾತ್ರಿ ಮೆಸ್‌ಟಿನ್‌ನಲ್ಲಿ (ಊಟದ ಡಬ್ಬಿ) ನೀರು ಎತ್ತಿ ಹಾಕಿದೆವು. ಬೆಳಗ್ಗೆ ಹೊತ್ತಿಗೆ ಇಬ್ಬರೂ ಒಂದೇ ಬಣ್ಣ, ಕೆಸರಿನ ಬಣ್ಣ. ಅವನು ಈಗಲೂ ನನಗೆ "ಇಂಡಿಯಾ" ಅಂತಾನೇ ಕರೆಯೋದು. ಹೋದ ವರ್ಷ ಅವನ ಮದುವೆಗೆ ನಾನು ಪಂಚೆ ಉಟ್ಟು ಹೋಗಿದ್ದೆ, ಅಲ್ಲಿ ಎಲ್ಲರಿಗೂ "ಇವನು ನನ್ನ ಇಂಡಿಯಾ" ಅಂತ ಪರಿಚಯ ಮಾಡಿಕೊಟ್ಟ. ಬೈದ ಹಾಗೂ ಇತ್ತು, ಹೊಗಳಿದ ಹಾಗೂ ಇತ್ತು.

ತರಬೇತಿ ಮುಗಿದಾಗ 24 ಕಿಲೋಮೀಟರ್ ನಡೆದು ಮರೀನಾ ಬೇಗೆ ಬಂದೆವು, ಟೋಪಿ ಮೇಲಕ್ಕೆ ಎಸೆದೆವು. ನನ್ನ ಟೋಪಿ ವಾಪಸ್ ಸಿಗಲೇ ಇಲ್ಲ, ಬೇರೆ ಯಾರದ್ದೋ ಹಾಕ್ಕೊಂಡು ಮನೆಗೆ ಬಂದೆ. 21 ಆದಮೇಲೆ ಪೌರತ್ವಕ್ಕೆ ನಾನೇ ಅರ್ಜಿ ಹಾಕಿದೆ. ಅಪ್ಪ ಇನ್ನೂ ನೀಲಿ. ನಾನು ಅವರನ್ನ ಕೇಳಿಲ್ಲ, ಅವರೂ ನನ್ನನ್ನ ಬೇಡ ಅನ್ನಲಿಲ್ಲ. ಒಂದು ಮನೇಲಿ ಎರಡು ಬಣ್ಣ ಇದ್ದರೆ ಆಕಾಶ ಬೀಳಲ್ಲ ಅಂಕಲ್. ಸಿಟ್ಟು ಮಾಡ್ಕೋಬೇಡಿ, ನಿಮ್ಮ ಮಗ ಕೇಳಿದ್ದು ಅವನ ಪಾಸ್‌ಪೋರ್ಟ್ ಬಗ್ಗೆ. ನೀವು ಉತ್ತರ ಹುಡುಕ್ತಿರೋದು ನಿಮ್ಮ ಪಾಸ್‌ಪೋರ್ಟ್ ಬಗ್ಗೆ.

ಶಾಲ್ಮಲಾ_ಅಕ್ಕ

@ಟೆಕಾಂಗ್_2018 ನಿಮ್ಮಮ್ಮ ತಿದ್ದಿದ್ದು ಸಾಕಷ್ಟು ಚೆನ್ನಾಗಿದೆ ಕಣಪ್ಪಾ. ಕೊನೇ ಎರಡು ಸಾಲು ಅವರದ್ದಾ ನಿನ್ನದಾ?

@ವಾಪಸ್_ಮೈಸೂರು ನೀವು ಹೇಳಿದ ಕಹಿ ಸುಳ್ಳಲ್ಲ. ಆದರೆ ನೀವು ಹೋದಮೇಲೆ 2023ರಲ್ಲಿ ತರ್ಮನ್ ಷಣ್ಮುಗರತ್ನಂ ಶೇ. 70.4 ಮತ ತಗೊಂಡು ಅಧ್ಯಕ್ಷರಾದರು. ಎದುರಿಗೆ ನಿಂತ ಇಬ್ಬರೂ ಚೀನೀಯರು. ಶೇ. 9ರಷ್ಟಿರೋ ಇಂಡಿಯನ್ ಮತದಿಂದ ಅದು ಆಗಲ್ಲ ಅಲ್ವಾ? ನಮ್ಮ ಎದುರುಮನೆ ಚೀನೀ ಆಂಟಿ ಆವತ್ತು ಬಾಗಿಲಿಗೆ ಬಂದು "ನಿಮ್ಮವರು ಗೆದ್ರು" ಅಂದರು. ನಮ್ಮವರು ಅಂದದ್ದು ಮಾತ್ರ ಸ್ವಲ್ಪ ಚುಚ್ಚಿತು. ಅವರದ್ದೂ ಹೌದು ತಾನೇ.

ಟೆಕಾಂಗ್_2018

ಆಂಟಿ, ನನ್ನದೇ. ಅಮ್ಮ "ದೊಡ್ಡವರಿಗೆ ಹಾಗೆ ಬರೀಬಾರದು, ತೆಗಿ" ಅಂದರು. ತೆಗೆಯೋ ಮುಂಚೆ ಪೋಸ್ಟ್ ಆಗಿಬಿಟ್ಟಿತು.

ಕೊಬ್ಬರಿ_ತಿಪಟೂರು

ಎಲ್ಲರಿಗೂ ಥ್ಯಾಂಕ್ಸ್. ತಡವಾಗಿ ಬರೀತಿದ್ದೀನಿ, ಆಫೀಸಲ್ಲಿ ಕೆಲಸ ಇತ್ತು. ಟೆಕಾಂಗ್ ಹುಡುಗಾ, ನಿನ್ನ ಅಮ್ಮನಿಗೆ ಹೇಳು, ಬೇಜಾರಿಲ್ಲ. ಎರಡು ದಿನ ಇತ್ತು, ಈಗಿಲ್ಲ.

ಒಂದು ವಿಷಯ ಮೊದಲೇ ಬರೀಬೇಕಿತ್ತು, ಬಿಟ್ಟಿದ್ದೆ. ಇಲ್ಲಿ ಜುಲೈ ಬಂದರೆ ಫ್ಲಾಟ್‌ಗಳ ಕಾರಿಡಾರ್ ಕಂಬಿಗೆಲ್ಲ ಬಾವುಟ ಕಟ್ತಾರೆ, ಆಗಸ್ಟ್ 9ರ ಇಲ್ಲಿನ ರಾಷ್ಟ್ರೀಯ ದಿನಕ್ಕೆ. ಮೊದಲ ಕೆಲವು ವರ್ಷ ನಾನು ಕಟ್ಟಿರಲಿಲ್ಲ, ಅದು ನನ್ನದಲ್ಲ ಅಂತ. ಸಾಲಲ್ಲಿ ನಮ್ಮ ಮನೆ ಮುಂದೆ ಮಾತ್ರ ಖಾಲಿ, ಹಲ್ಲು ಬಿದ್ದ ಹಾಗೆ. ಪಕ್ಕದ ಮಲಯ ಅಜ್ಜ ಒಂದಿನ ಏನೂ ಹೇಳದೆ ಒಂದು ಬಾವುಟ, ಎರಡು ದಾರ ತಂದು ಕೊಟ್ಟರು. ಮಗನಿಗಾಗ ಆರು ವರ್ಷ, ಅವನೇ ಸ್ಟೂಲ್ ಹಾಕಿಕೊಂಡು ಕಟ್ಟಿದ. ಆವತ್ತಿಂದ ಪ್ರತಿ ವರ್ಷ ಅವನೇ ಕಟ್ಟೋದು. ಆರು ದಿನ ಆದಮೇಲೆ ನಾನು ಬೆಳಗ್ಗೆ ಎದ್ದು ಭಾರತದ ಹೈಕಮಿಷನ್‌ಗೆ ಹೋಗಿ ಧ್ವಜವಂದನೆ ಮಾಡಿ ಬರ್ತೀನಿ. ಚಿಕ್ಕವನಿದ್ದಾಗ ಸಿಹಿ ಕೊಡ್ತಾರೆ ಅಂತ ಜೊತೆಗೆ ಬರ್ತಿದ್ದ. ಈಗ ಮಲಗಿರ್ತಾನೆ. ಅವನು ಯಾವುದನ್ನ ಕಟ್ಟಿದ, ಯಾವುದಕ್ಕೆ ಮಲಗಿದ ಅಂತ ನಾನು ಹತ್ತು ವರ್ಷದಿಂದ ನೋಡ್ತಾನೇ ಇದ್ದೆ, ಗೊತ್ತಾಗದ ಹಾಗೆ ನಟಿಸ್ತಿದ್ದೆ.

ಅರ್ಜಿ ಹಾಕೋದಾ ಬೇಡ್ವಾ ಅಂತ ನಾನಿನ್ನೂ ತೀರ್ಮಾನ ಮಾಡಿಲ್ಲ. ಹೆಂಡತಿ ಅವಳ ಮನಸ್ಸು ಮಾಡಿ ಆಗಿದೆ. ಮಗನಿಗೆ "21ಕ್ಕೆ ನೀನು ಹಾಕು, ನನ್ನನ್ನ ಕಾಯಬೇಡ" ಅಂದೆ. "ಐ ನೋ" ಅಂದ.

ವೈದ್ಯಕೀಯ ಪರೀಕ್ಷೆಗೆ ಮುಂದಿನ ತಿಂಗಳು ದಿನ ಕೊಟ್ಟಿದ್ದಾರೆ. ನಿನ್ನೆ ಊರಿಗೆ ಫೋನ್ ಮಾಡಿ ಅಮ್ಮನಿಗೆ ಹೇಳಿದೆ, ಮೊಮ್ಮಗ ಮಿಲಿಟ್ರಿಗೆ ಹೋಗ್ತಾನೆ ಅಂತ. ಸ್ವಲ್ಪ ಹೊತ್ತು ಮಾತೇ ಇಲ್ಲ. ಆಮೇಲೆ "ಯಾವ ದೇಶದ್ದಪ್ಪಾ?" ಅಂದರು. ಇಲ್ಲಿಯದೇ ಅಂದೆ. "ಮುದ್ದೆ ಕೊಡ್ತಾರಾ?" ಅಂದರು. ಇಲ್ಲಮ್ಮ, ಅನ್ನ ಕೊಡ್ತಾರಂತೆ ಅಂದೆ. "ಎರಡು ವರ್ಷ ಅನ್ನಾನೇ?" ಅಂತ ಕೇಳಿ, ಫೋನ್ ಅವನಿಗೆ ಕೊಡು ಅಂದರು.